ಅಪರಾಧ ತನಿಖೆಯಲ್ಲಿ ಸಾಮಾಜಿಕ ಜಾಲತಾಣಗಳ ಪರಿಣಾಮ

ಸಾಮಾಜಿಕ ಜಾಲತಾಣಗಳ ಬಳಕೆದಾರರು ಅಪರಾಧವೊಂದರ ದೃಶ್ಯಗಳನ್ನು ಹಂಚಿ, ಅದರಲ್ಲಿರುವವರು ಯಾರೆಂದು ತಾವೇ ಪತ್ತೆಹಚ್ಚಲು ತೊಡಗುವುದರಿಂದ ಪೊಲೀಸ್ ತನಿಖೆಗೆ ನೆರವೂ ಅಡ್ಡಿಯೂ ಉಂಟಾಗುತ್ತವೆ. ಹಾಸನ ಜಿಲ್ಲೆಯಲ್ಲಿ 2024ರಲ್ಲಿ ಬೆಳಕಿಗೆ ಬಂದ ಪ್ರಕರಣ ಇದಕ್ಕೆ ಉದಾಹರಣೆಯಾಗಿದೆ.

ಅರಸೀಕೆರೆ ಹಾಗೂ ಬೇಲೂರು ವಿಧಾನಸಭಾ ಕ್ಷೇತ್ರಗಳನ್ನು ಒಳಗೊಂಡಿರುವ ಹಾಸನ ಲೋಕಸಭಾ ಕ್ಷೇತ್ರದಲ್ಲಿ 2024ರ ಏಪ್ರಿಲ್ 26ರಂದು ಮತದಾನ ನಡೆಯಿತು. ಅದರ ಹಿಂದಿನ ದಿನಗಳಲ್ಲಿ, ಅಂದಿನ ಸಂಸದ ಪ್ರಜ್ವಲ್ ರೇವಣ್ಣ ಅವರಿಗೆ ಸಂಬಂಧಿಸಿದವು ಎನ್ನಲಾದ ಲೈಂಗಿಕ ದೌರ್ಜನ್ಯದ ವಿಡಿಯೊಗಳು ಪೆನ್‌ಡ್ರೈವ್ ಮತ್ತು ಮೊಬೈಲ್‌ಗಳ ಮೂಲಕ ಹರಡಿದವು. ರಾಜ್ಯ ಮಹಿಳಾ ಆಯೋಗವು ಪತ್ರ ಬರೆದ ನಂತರ ಸರ್ಕಾರವು ವಿಶೇಷ ತನಿಖಾ ತಂಡವನ್ನು ರಚಿಸಿತು.

ವಿಡಿಯೊಗಳ ಹರಿದಾಟದಿಂದ ಪ್ರಕರಣ ಬಯಲಾಯಿತಾದರೂ, ಮುಖ ಮರೆಮಾಚದ ದೃಶ್ಯಗಳಿಂದ ಮಹಿಳೆಯರ ಗುರುತೂ ಬಯಲಾಯಿತು. ಇಂತಹ ಭಯದಿಂದ ಸಂತ್ರಸ್ತರು ದೂರು ನೀಡಲು ಹಿಂಜರಿದರೆ ತನಿಖೆಯೇ ದುರ್ಬಲಗೊಳ್ಳುತ್ತದೆ. ವಿಡಿಯೊಗಳನ್ನು ಹಂಚುವುದು ಭಾರತೀಯ ದಂಡ ಸಂಹಿತೆ ಹಾಗೂ ಮಾಹಿತಿ ತಂತ್ರಜ್ಞಾನ ಕಾಯ್ದೆಯ ಅಡಿಯಲ್ಲಿ ಶಿಕ್ಷಾರ್ಹವೆಂದು ತನಿಖಾ ತಂಡ ಎಚ್ಚರಿಸಿತು.

ಕೈಯಿಂದ ಕೈಗೆ ಸಾಗಿದ ಪ್ರತಿಯು ತಾನಾಗಿಯೇ ಸಾಕ್ಷ್ಯವಾಗುವುದಿಲ್ಲ; ಅದರ ಮೂಲ ಮತ್ತು ನೈಜತೆಯನ್ನು ನ್ಯಾಯಾಲಯದಲ್ಲಿ ರುಜುವಾತುಪಡಿಸಬೇಕಾಗುತ್ತದೆ. ದೂರು, ವಿಧಿವಿಜ್ಞಾನ ಪರೀಕ್ಷೆ ಮತ್ತು ವಿಚಾರಣೆಯ ಬಳಿಕ, 2025ರ ಆಗಸ್ಟ್ 1ರಂದು ಬೆಂಗಳೂರಿನ ವಿಶೇಷ ನ್ಯಾಯಾಲಯವು ಒಂದು ಅತ್ಯಾಚಾರ ಪ್ರಕರಣದಲ್ಲಿ ಪ್ರಜ್ವಲ್ ಅವರನ್ನು ಅಪರಾಧಿಯೆಂದು ಘೋಷಿಸಿ, ಮರುದಿನ ಜೀವಾವಧಿ ಶಿಕ್ಷೆ ವಿಧಿಸಿತು.