ಕಾಲದ ಹರಳು, ಶಕ್ತಿಯ ಹರಳು: ತುಮಕೂರು ಸೀಮೆಯ ಎರಡು ಉದ್ಯಮಗಳ ಚರಿತ್ರೆ

ಕಲ್ಪಿತ ಲೋಕಗಳ ಕಥನಗಳಲ್ಲಿ ಕಾಲವನ್ನು ಅಳೆಯುವ ಹರಳೇ ಊರಿಗೆ ಬೆಳಕನ್ನೂ ಯಂತ್ರಕ್ಕೆ ಬಲವನ್ನೂ ಒದಗಿಸುತ್ತದೆ. ಭಾರತೀಯ ಪರಂಪರೆ ಈ ಎರಡು ಕೆಲಸಗಳನ್ನು ಒಂದೇ ವಸ್ತುವಿಗೆ ಒಪ್ಪಿಸಲಿಲ್ಲ. ಬಿಸಿಲು ತಾಗಿದೊಡನೆ ಕಿಡಿಯುಗುಳುವ ಸೂರ್ಯಕಾಂತ ಶಿಲೆ ಕವಿಗಳ ಪಾಲಿಗಾದರೆ, ತಳದಲ್ಲಿ ಸಣ್ಣ ರಂಧ್ರವಿದ್ದು ನೀರಿನ ಮೇಲೆ ತೇಲುತ್ತ 24 ನಿಮಿಷಕ್ಕೊಮ್ಮೆ ತುಂಬಿ ಮುಳುಗುವ ಗಳಿಗೆ ಬಟ್ಟಲು ಜೋಯಿಸರ ಪಾಲಿಗೆ ಉಳಿಯಿತು. ಆಧುನಿಕ ವಿಜ್ಞಾನವೂ ಈ ಎರಡು ಕೆಲಸಗಳನ್ನು ಎರಡು ಬೇರೆ ಹರಳುಗಳಿಗೆ ಹಂಚಿಕೊಟ್ಟಿತು. ಆ ಎರಡೂ ಹರಳುಗಳ ಉದ್ಯಮ ತುಮಕೂರು ಜಿಲ್ಲೆಯಲ್ಲಿ ನೆಲೆ ಕಂಡದ್ದರಿಂದ ಈ ವಿಂಗಡಣೆಯ ಚರಿತ್ರೆಯನ್ನು ಇಲ್ಲಿ ನಿಂತೇ ಬರೆಯಬಹುದು.

ಮೊದಲನೆಯದು ಕ್ವಾರ್ಟ್ಸ್, ಅಂದರೆ ಈ ಸೀಮೆಯ ಹೊಲಗಳಲ್ಲಿ ನೇಗಿಲಿಗೆ ಅಡ್ಡ ಸಿಗುವ ಬೆಣಚುಕಲ್ಲಿನ ಜಾತಿಯದೇ ಖನಿಜ. ಒತ್ತಿದಾಗ ಇಂಥ ಹರಳಿನ ಮೈಮೇಲೆ ವಿದ್ಯುದಾವೇಶ ಮೂಡುತ್ತದೆ ಎಂಬುದನ್ನು ಪಿಯರ್ ಮತ್ತು ಜಾಕ್ ಕ್ಯೂರಿ ಸಹೋದರರು 1880ರಲ್ಲಿ ತೋರಿಸಿದರು. ಇದನ್ನು ಪೀಜೋವಿದ್ಯುತ್ ಗುಣವೆನ್ನುತ್ತಾರೆ. ವಿದ್ಯುತ್ ಹಾಯಿಸಿದರೆ ಹರಳು ಹಿಗ್ಗಿ ಕುಗ್ಗಬೇಕೆಂಬ ಇದರ ವಿಲೋಮವನ್ನು ಮರುವರ್ಷ ಭೌತವಿಜ್ಞಾನಿ ಲಿಪ್‌ಮನ್ ಗಣಿತದಿಂದ ಊಹಿಸಿದರು, ಕ್ಯೂರಿ ಸಹೋದರರು ಅದನ್ನು ಪ್ರಯೋಗದಿಂದ ಖಚಿತಪಡಿಸಿದರು. ಈ ಕಂಪನವನ್ನೇ ಗಡಿಯಾರದ ಲೋಲಕವಾಗಿಸಿ ಅಮೆರಿಕದ ಬೆಲ್ ಪ್ರಯೋಗಾಲಯದ ವಾರೆನ್ ಮ್ಯಾರಿಸನ್ ಮತ್ತು ಹಾರ್ಟನ್ 1927ರಲ್ಲಿ ಮೊದಲ ಕ್ವಾರ್ಟ್ಸ್ ಗಡಿಯಾರವನ್ನು ರೂಪಿಸಿದರು. ಅದು ಮಣಿಕಟ್ಟಿಗೆ ಇಳಿದದ್ದು 1969ರ ಡಿಸೆಂಬರ್‌ನಲ್ಲಿ, ಜಪಾನಿನ ಸೀಕೋ ಕಂಪನಿಯ ಆಸ್ಟ್ರಾನ್ ಕೈಗಡಿಯಾರದೊಂದಿಗೆ.

ಇತ್ತ ಭಾರತದಲ್ಲಿ ಸರ್ಕಾರಿ ಸ್ವಾಮ್ಯದ ಎಚ್‌ಎಂಟಿ ಸಂಸ್ಥೆ ಜಪಾನಿನ ಸಿಟಿಜನ್ ಕಂಪನಿಯ ಸಹಯೋಗದಲ್ಲಿ 1961ರಲ್ಲಿ ಬೆಂಗಳೂರಿನಲ್ಲಿ ಕೈಗಡಿಯಾರ ತಯಾರಿಕೆ ಆರಂಭಿಸಿತ್ತು. ತುಮಕೂರಿನ ಕಾರ್ಖಾನೆ 1978ರಲ್ಲಿ ಸ್ಥಾಪನೆಯಾಗಿ, 1985ರಲ್ಲಿ ಅದೇ ಸಿಟಿಜನ್ ನೆರವಿನಿಂದ ಭಾಗಶಃ ಕ್ವಾರ್ಟ್ಸ್ ಗಡಿಯಾರಗಳ ತಯಾರಿಕೆಗೆ ಬದಲಾಯಿತು. ಎಚ್‌ಎಂಟಿ ಕ್ವಾರ್ಟ್ಸ್ ವಿದ್ಯೆಗೆ ಕುರುಡಾಗಿತ್ತು ಎಂಬ ಜನಪ್ರಿಯ ಆರೋಪ ಆದ್ದರಿಂದ ಪೂರ್ಣ ಸತ್ಯವಲ್ಲ. 1987ರಲ್ಲಿ ಹೊಸೂರಿನ ಟೈಟಾನ್ ಮಾರುಕಟ್ಟೆಗೆ ಬರುವ ಮೊದಲೇ ಆ ವಿದ್ಯೆ ಸಂಸ್ಥೆಯ ಕೈಯಲ್ಲಿತ್ತು. ಇಲ್ಲದಿದ್ದದ್ದು ಕೀಲಿ ಕೊಡುವ ಗಡಿಯಾರಗಳ ಮೇಲಿನ ನೆಚ್ಚಿಕೆಯನ್ನು ಸಕಾಲದಲ್ಲಿ ಬಿಡುವ ಮನಸ್ಸು.

ಗಡಿಯಾರಕ್ಕೆ ಬೇಕಾದ ಹರಳು ಹೊಲದ ಬೆಣಚುಕಲ್ಲಲ್ಲ. ಅದರಲ್ಲಿ ಬಿರುಕೂ ಕಲ್ಮಷವೂ ಹೆಚ್ಚು. ಕ್ವಾರ್ಟ್ಸ್ ಚೂರುಗಳನ್ನು ಮುಚ್ಚಿದ ಉಕ್ಕಿನ ಪಾತ್ರೆಯಲ್ಲಿ, ಕ್ಷಾರ ಬೆರೆತ ನೀರಿನಲ್ಲಿ, ಭಾರಿ ಒತ್ತಡ ಮತ್ತು ಸುಮಾರು 350 ಡಿಗ್ರಿ ಸೆಲ್ಸಿಯಸ್ ಶಾಖದಲ್ಲಿ ಕರಗಿಸಿ, ತೆಳುವಾದ ಬೀಜಹರಳಿನ ಮೇಲೆ ವಾರಗಟ್ಟಲೆ ಬೆಳೆಸಲಾಗುತ್ತದೆ. ಹಾಗೆ ಬೆಳೆದ ಹರಳನ್ನು ಕವಲುಗೋಲಿನ ಆಕಾರದಲ್ಲಿ ಕೊರೆದಾಗ ಅದು ಸೆಕೆಂಡಿಗೆ 32,768 ಬಾರಿ ಕಂಪಿಸುತ್ತದೆ. ಈ ಸಂಖ್ಯೆಯನ್ನು ಹದಿನೈದು ಸಲ ಎರಡರಿಂದ ಭಾಗಿಸಿದರೆ ಒಂದೇ ಉಳಿಯುವುದರಿಂದ ವಿದ್ಯುನ್ಮಂಡಲವು ಪ್ರತಿ ಸೆಕೆಂಡಿಗೆ ಒಂದು ಮಿಡಿತವನ್ನು ಮುಳ್ಳಿನ ಮೋಟಾರಿಗೆ ಕಳಿಸುತ್ತದೆ. ಹರಳಿನ ನಿಷ್ಠೆ 25 ಡಿಗ್ರಿಯ ಆಸುಪಾಸಿನಲ್ಲಿ ಉತ್ತಮವಾಗಿರುತ್ತದೆ. ಹತ್ತು ಡಿಗ್ರಿ ಏರಿದರೂ ಇಳಿದರೂ ಗಡಿಯಾರ ದಿನಕ್ಕೆ ಸುಮಾರು 0.3 ಸೆಕೆಂಡ್ ಹಿಂದೆ ಬೀಳುತ್ತದೆ. ಬಯಲುಸೀಮೆಯ ಬೇಸಿಗೆಯಲ್ಲಿ ಗೋಡೆಗೆ ತೂಗಿದ ಕ್ವಾರ್ಟ್ಸ್ ಗಡಿಯಾರಕ್ಕಿಂತ ಮೈಶಾಖದ ಆಸರೆಯಿರುವ ಕೈಗಡಿಯಾರ ಸಾಮಾನ್ಯವಾಗಿ ಹೆಚ್ಚು ನಂಬಿಕೆಯದಾಗಿರುವುದಕ್ಕೆ ಇದೂ ಒಂದು ಕಾರಣ.

ಕಥನಗಳು ಕಾಣದ ತೊಡಕು ಇರುವುದು ಇಲ್ಲಿಯೇ. ಕಂಪಿಸುವ ಹರಳು ತನ್ನೊಳಗಿನ ಶಕ್ತಿಯನ್ನು ಎಷ್ಟು ಬಿಗಿಯಾಗಿ ಹಿಡಿದಿಟ್ಟುಕೊಳ್ಳುತ್ತದೆಯೋ ಅಷ್ಟು ನಿಖರವಾಗಿ ಅದು ಕಾಲವನ್ನು ಎಣಿಸುತ್ತದೆ. ಸೋರಿಹೋಗುವ ಅತ್ಯಲ್ಪ ಪಾಲನ್ನು 1.55 ವೋಲ್ಟಿನ ಗುಂಡಿಕೋಶ ತುಂಬಿಕೊಡುತ್ತಿರಬೇಕು. ಹರಳಿನಿಂದ ಶಕ್ತಿಯನ್ನು ಹೊರಗೆಳೆದರೆ ಕಂಪನ ಸೊರಗಿ ಲೆಕ್ಕ ಕೆಡುತ್ತದೆ. ಪೀಜೋ ಗುಣದಿಂದಲೇ ಅಡುಗೆಮನೆಯ ಗ್ಯಾಸ್ ಲೈಟರ್ ಕಿಡಿ ಹಾರಿಸುತ್ತದೆ ಎಂಬುದು ನಿಜವಾದರೂ ಆ ಶಕ್ತಿ ಹೆಬ್ಬೆರಳು ಒತ್ತಿದ ಬಲದ್ದು, ಒಳಗಿನ ಪಿಂಗಾಣಿ ತುಣುಕಿನದಲ್ಲ.

ಶಕ್ತಿ ಕೊಡುವ ಹರಳಿಗೆ ಬೇಕಾದದ್ದು ಇದಕ್ಕೆ ತದ್ವಿರುದ್ಧವಾದ ಗುಣ. ಬೆಳಕು ಬಿದ್ದೊಡನೆ ಎಲೆಕ್ಟ್ರಾನುಗಳನ್ನು ಬಿಟ್ಟುಕೊಡುವ ಸಿಲಿಕಾನ್ ಅಂಥದ್ದು. ಬೋರಾನ್ ಬೆರೆತ ಪದರವೂ ಫಾಸ್ಫರಸ್ ಬೆರೆತ ಪದರವೂ ಕೂಡುವ ಗಡಿಯಲ್ಲಿ ಆ ಎಲೆಕ್ಟ್ರಾನುಗಳು ಒಂದೇ ದಿಕ್ಕಿಗೆ ತಳ್ಳಲ್ಪಟ್ಟು ವಿದ್ಯುತ್ತಾಗಿ ಹರಿಯುತ್ತವೆ. ಇಂಥ ಬಳಕೆಗೆ ಯೋಗ್ಯವಾದ ಸೌರಕೋಶ 1954ರಲ್ಲಿ ಹೊರಬಂದದ್ದು ಅದೇ ಬೆಲ್ ಪ್ರಯೋಗಾಲಯದಿಂದ. ತುಮಕೂರು ನಗರದಿಂದ ಉತ್ತರಕ್ಕೆ, ಜಿಲ್ಲೆಯ ಮತ್ತೊಂದು ತುದಿಯಲ್ಲಿರುವ ಮಳೆಗೊರತೆಯ ತಾಲ್ಲೂಕು ಪಾವಗಡದಲ್ಲಿ, ತಿರುಮಣಿ, ವಳ್ಳೂರು ಮೊದಲಾದ ಐದು ಹಳ್ಳಿಗಳ ಸುಮಾರು 13,000 ಎಕರೆಯಲ್ಲಿ ಈ ಹರಳಿನ ಫಲಕಗಳು ಹರಡಿವೆ. 2018ರಲ್ಲಿ ಉದ್ಘಾಟನೆಗೊಂಡು 2019ರ ಅಂತ್ಯಕ್ಕೆ 2,050 ಮೆಗಾವ್ಯಾಟ್ ಸಾಮರ್ಥ್ಯ ಮುಟ್ಟಿದ ಈ ಸೌರ ಉದ್ಯಾನಕ್ಕಾಗಿ ರೈತರ ಜಮೀನನ್ನು ಕೊಳ್ಳದೆ ಎಕರೆಗೆ ವರ್ಷಕ್ಕೆ 21,000 ರೂಪಾಯಿಯ ಗುತ್ತಿಗೆಗೆ ಪಡೆದದ್ದು ಗಮನಾರ್ಹ. ಜಮೀನಿಲ್ಲದ ಕೂಲಿಗಾರರಿಗೆ ಆ ಗುತ್ತಿಗೆಯಲ್ಲಿ ಪಾಲಿರಲಿಲ್ಲ ಎಂಬುದೂ ಅಷ್ಟೇ ಗಮನಾರ್ಹ.

ಎರಡು ಹರಳುಗಳು ಒಂದೇ ಕವಚದಲ್ಲಿ ಸೇರಿದ್ದೂ ಉಂಟು. 1976ರಲ್ಲಿ ಸಿಟಿಜನ್ ಕಂಪನಿ ಮುಳ್ಳುಗಳಿರುವ ಕ್ವಾರ್ಟ್ಸ್ ಗಡಿಯಾರದ ಮುಖಕ್ಕೇ ಸಿಲಿಕಾನ್ ಕೋಶಗಳನ್ನು ಜೋಡಿಸಿ ಬೆಳಕಿನಿಂದ ನಡೆಯುವ ಕೈಗಡಿಯಾರವನ್ನು ಹೊರತಂದಿತು. ಅಲ್ಲಿಯೂ ಎಣಿಸುವುದು ಒಂದು, ಉಣಿಸುವುದು ಇನ್ನೊಂದು. ಎಚ್‌ಎಂಟಿ ವಾಚಸ್ ಕಂಪನಿಯನ್ನು ಮುಚ್ಚಲು ಕೇಂದ್ರ ಸಚಿವ ಸಂಪುಟ 2016ರ ಜನವರಿಯಲ್ಲಿ ತೀರ್ಮಾನಿಸಿದ ಬಳಿಕ ತುಮಕೂರಿನ ಕಾರ್ಖಾನೆಯ ನೆಲ ಇಸ್ರೋ ಸಂಸ್ಥೆಗೆ ಸೇರಿತು. ಅದೇ ಸಂಸ್ಥೆ ನಾವಿಕ್ ಪಥದರ್ಶಕ ವ್ಯವಸ್ಥೆಗಾಗಿ 2023ರ ಮೇ ತಿಂಗಳಲ್ಲಿ ಹಾರಿಸಿದ ಎನ್‌ವಿಎಸ್-01 ಉಪಗ್ರಹದಲ್ಲಿ ದೇಶದಲ್ಲೇ ರೂಪಿಸಿದ ರುಬಿಡಿಯಂ ಪರಮಾಣು ಗಡಿಯಾರವಿದೆ. ಅಂಥ ಗಡಿಯಾರದೊಳಗೆ ನಿಜವಾಗಿ ಮಿಡಿಯುವುದು ಕ್ವಾರ್ಟ್ಸ್ ಹರಳೇ, ಪರಮಾಣುಗಳು ಅದರ ತಪ್ಪನ್ನು ತಿದ್ದುತ್ತಿರುತ್ತವೆ. ಉಪಗ್ರಹಕ್ಕೆ ಬೇಕಾದ ವಿದ್ಯುತ್ತು ಹೊರಗೆ ಚಾಚಿದ ಸೌರಫಲಕಗಳಿಂದ ಬರುತ್ತದೆ.