ಕೇಸು, ಕೌಂಟರ್ ಕೇಸು: ಒಂದು ರಾತ್ರಿಯ ಎರಡು ಕತೆಗಳು

ದಲಿತರ ಮೇಲೆ ಹಲ್ಲೆಯಾಗಿ ಕೇಸು ದಾಖಲಾದರೆ, ಅದೇ ರಾತ್ರಿಯೋ ಮರುದಿನವೋ ದಲಿತರ ಮೇಲೂ ಒಂದು ಕೇಸು ಬೀಳುತ್ತದೆ. ಚಳವಳಿಯಲ್ಲಿ ಓಡಾಡಿದವರಿಗೆಲ್ಲ ಇದು ಗೊತ್ತು. ಇದನ್ನು ಠಾಣೆಯ ಕುತಂತ್ರ ಅಂತ ಬೈದು ನಾವು ಸುಮ್ಮನಾಗುತ್ತೇವೆ. ಆದರೆ ಈ ಎರಡು ಕೇಸುಗಳು ಕೋರ್ಟಿನ ಮೆಟ್ಟಿಲು ಹತ್ತಿದ ಮೇಲೆ ಹೇಗೆ ನಡೆಯಬೇಕು ಎಂಬುದಕ್ಕೂ ಒಂದು ಚರಿತ್ರೆಯಿದೆ. ಅದನ್ನು ಕೇರಿಯ ಕಡೆಯಿಂದ ಓದಬೇಕಾಗಿದೆ.

ಸಂತೆಕಟ್ಟೆಯಿಂದ ಹೆದ್ದಾರಿ ಹಿಡಿದು ಉತ್ತರಕ್ಕೆ ಹೋದರೆ ಬ್ರಹ್ಮಾವರ ದಾಟಿ ಕೋಟ ಸಿಗುತ್ತದೆ. 2021ರ ಡಿಸೆಂಬರ್ 27ರ ರಾತ್ರಿ ಕೋಟತಟ್ಟಿನ ಕೊರಗ ಕಾಲೊನಿಯಲ್ಲಿ ಮದುವೆಯ ಮೆಹಂದಿ. ಡಿಜೆ ಸದ್ದು ಹೆಚ್ಚಾಯಿತು ಅಂತ ಬಂದ ಪೊಲೀಸರು ಲಾಠಿ ಬೀಸಿದರೆಂದು ದೂರಾಯಿತು. ಸಬ್ ಇನ್ಸ್‌ಪೆಕ್ಟರ್ ಅಮಾನತಾದರು, ದೌರ್ಜನ್ಯ ತಡೆ ಕಾಯ್ದೆಯಡಿ ಕೇಸಾಯಿತು. ಬೆನ್ನಿಗೇ, ಕರ್ತವ್ಯಕ್ಕೆ ಅಡ್ಡಿಪಡಿಸಿದರು ಅಂತ ಕೊರಗರ ಮೇಲೂ ಕೇಸು. ತನಿಖೆ ಸಿಐಡಿಗೆ ಹೋಯಿತು. ಅಜಲು ಪದ್ಧತಿಯಿಂದ ಈ ಸಮುದಾಯವನ್ನು ಬಿಡಿಸಲು 2000ದಲ್ಲಿ ಸರ್ಕಾರ ಕಾಯ್ದೆಯನ್ನೇ ಮಾಡಬೇಕಾಯಿತು. ಊರವರ ಕಂಬಳಕ್ಕೆ ಡೋಲು ಬಡಿದವರು ತಮ್ಮ ಮನೆಯ ಮದುವೆಗೆ ಸದ್ದು ಮಾಡಿದ್ದು ಠಾಣೆಯ ಪ್ರಕರಣವಾಯಿತು.

ಇಂಥ ಎರಡು ಕೇಸುಗಳ ದಾರಿ ಬೇರೆ ಬೇರೆ. ದೌರ್ಜನ್ಯದ ಕೇಸು ಸೆಷನ್ಸ್ ದರ್ಜೆಯ ವಿಶೇಷ ನ್ಯಾಯಾಲಯಕ್ಕೆ. ಅಡ್ಡಿ, ಹೊಡೆದಾಟದ ಕೌಂಟರ್ ಕೇಸು ಸಾಮಾನ್ಯವಾಗಿ ಮ್ಯಾಜಿಸ್ಟ್ರೇಟ್ ಕೋರ್ಟಿಗೆ. ಹಾಗೇ ಬಿಟ್ಟರೆ ಏನಾಗುತ್ತದೆ? ಹೊಡೆಸಿಕೊಂಡವನ ಕತೆ ಮೇಲಿನ ಕೋರ್ಟಿನಲ್ಲಿ ಬಾಯಿ ಬಿಡುವ ಮೊದಲೇ ಕೆಳಗಿನ ಕೋರ್ಟಿನಲ್ಲಿ ಅವನಿಗೆ ಶಿಕ್ಷೆಯಾಗಿಬಿಡಬಹುದು.

ಈ ಅಪಾಯವನ್ನು ಕೋರ್ಟುಗಳು ಕಂಡಿದ್ದು ಈಚೆಗಲ್ಲ. ಒಂದೇ ಘಟನೆಯ ಕೇಸು, ಕೌಂಟರ್ ಕೇಸುಗಳನ್ನು ಸಾಧ್ಯವಾದಷ್ಟೂ ಒಂದೇ ಕೋರ್ಟು ವಿಚಾರಿಸಬೇಕೆಂದು ಮದರಾಸು ಹೈಕೋರ್ಟಿನ ನ್ಯಾಯಮೂರ್ತಿ ವಾಲರ್ 1929ರಲ್ಲೇ ಹೇಳಿದ್ದರು. ಅದೇ ಹೈಕೋರ್ಟಿನ ನ್ಯಾಯಮೂರ್ತಿ ಜಾಕ್ಸನ್, ಈ ಬಗ್ಗೆ ಸ್ಪಷ್ಟ ಕಾನೂನಿಲ್ಲ, ಶಾಸಕಾಂಗ ಈ ಕೊರತೆ ತುಂಬಬೇಕು ಎಂದರು. ಆಗ ಉಡುಪಿ ಮದರಾಸು ಪ್ರಾಂತ್ಯದ ದಕ್ಷಿಣ ಕನ್ನಡ ಜಿಲ್ಲೆಯಲ್ಲಿತ್ತು; 1956ರವರೆಗೂ ಇಲ್ಲಿನ ಕೋರ್ಟುಗಳು ನೋಡುತ್ತಿದ್ದುದು ಮದರಾಸಿನ ಕಡೆಗೇ. ಮುಂದೆ 1973ರಲ್ಲಿ ಹೊಸ ದಂಡ ಪ್ರಕ್ರಿಯಾ ಸಂಹಿತೆ ಬಂತು. 2024ರ ಜುಲೈ 1ರಿಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ ಜಾರಿಯಾಯಿತು. ಜಾಕ್ಸನ್ ಕೇಳಿದ ಆ ಕಲಮು ಎರಡರಲ್ಲೂ ಇಲ್ಲ.

ನಿಯಮ ಬೆಳೆದದ್ದು ತೀರ್ಪುಗಳಲ್ಲಿ. 1990ರಲ್ಲಿ ವರದಿಯಾದ ನಾಥಿ ಲಾಲ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಕ್ರಮ ಹೇಳಿತು: ಮೊದಲ ಕೇಸಿನ ಸಾಕ್ಷ್ಯ, ವಾದ ಕೇಳಿ ತೀರ್ಪು ಕಾಯ್ದಿರಿಸಬೇಕು; ಅದೇ ನ್ಯಾಯಾಧೀಶರು ಎರಡನೆಯದನ್ನೂ ಕೇಳಬೇಕು; ಆಮೇಲೆ ಎರಡು ಪ್ರತ್ಯೇಕ ತೀರ್ಪು. ಒಟ್ಟಿಗೆ ಅಂದರೆ ಬೆರೆಸಿ ಅಲ್ಲ. ಒಂದರ ಸಾಕ್ಷ್ಯವನ್ನು ಇನ್ನೊಂದರಲ್ಲಿ ಬಳಸುವಂತಿಲ್ಲ. 2001ರ ಸುಧೀರ್ ಪ್ರಕರಣದಲ್ಲಿ ಇನ್ನೊಂದು ಹೆಜ್ಜೆ: ಒಂದು ಕೇಸು ಸೆಷನ್ಸ್ ಕೋರ್ಟಿನದಾದರೆ, ಅಷ್ಟು ಗಂಭೀರವಲ್ಲದ ಇನ್ನೊಂದನ್ನೂ ಮ್ಯಾಜಿಸ್ಟ್ರೇಟರು ಹಳೆಯ ಸಂಹಿತೆಯ 323ನೇ ಕಲಮಿನಡಿ ಮೇಲಕ್ಕೆ ಒಪ್ಪಿಸಬೇಕು. ಹೊಸದರಲ್ಲಿ ಅದು 362.

ಇದು ದಲಿತರಿಗೆ ಆಸರೆಯೂ ಹೌದು, ಬಲೆಯೂ ಹೌದು. ಒಂದೇ ಘಟನೆಯ ಎರಡು ಕಥನಗಳು ಎನ್ನುವ ಈ ನಿಯಮ ಎರಡು ಪಕ್ಷಗಳನ್ನು ಸರಿಸಮ ಅಂದುಕೊಳ್ಳುತ್ತದೆ. ಸಂತೆಕಟ್ಟೆಯ ಹೆಸರಿನಲ್ಲೇ ಕಟ್ಟೆಯಿದೆ. ಎರಡು ಕೈ ಸೇರಿದರೇ ಚಪ್ಪಾಳೆ ಅಂತ ಕಟ್ಟೆಯಲ್ಲಿ ರಾಜಿ ಮಾಡಿಸುವ ನ್ಯಾಯ ನಮಗೆ ಹೊಸತಲ್ಲ. ಕೌಂಟರ್ ಕೇಸಿನ ನಿಜವಾದ ಕೆಲಸವೂ ಅದೇ: ನೀನು ವಾಪಸ್ ತಗೋ, ನಾನೂ ತಗೋತೇನೆ. ಜಾತಿಯ ಹಿಂಸೆ ಗಲಾಟೆಯಾಗುತ್ತದೆ. ಗಲಾಟೆಯಲ್ಲಿ ಚರಿತ್ರೆ ಮಾಯವಾಗುತ್ತದೆ. 2016ರ ಜನವರಿಯಲ್ಲಿ ಜಾರಿಗೆ ಬಂದ ತಿದ್ದುಪಡಿ, ದೌರ್ಜನ್ಯದ ಕೇಸು ಆದಷ್ಟೂ ಆರೋಪಪಟ್ಟಿಯಿಂದ ಎರಡು ತಿಂಗಳಲ್ಲಿ ಮುಗಿಯಬೇಕು ಎನ್ನುತ್ತದೆ. ಜೋಡಿ ಕೇಸು ಮೇಲಕ್ಕೆ ಬರುವುದೇ ತಡವಾದರೆ ಆ ಗಡುವಿಗೆ ಅರ್ಥವೇನು?

ವಿಧಾನ ಸರಿಯಾದರೆ ಎಲ್ಲ ಸರಿಹೋಗುತ್ತದೆ ಅಂತಲೂ ಅಲ್ಲ. 2000ದ ಮಾರ್ಚ್ 11ರಂದು ಕಂಬಾಲಪಲ್ಲಿಯಲ್ಲಿ 7 ದಲಿತರನ್ನು ಸುಟ್ಟು ಕೊಂದರು. ಸಾಕ್ಷಿಗಳು ತಿರುಗಿಬಿದ್ದರು, 2006ರಲ್ಲಿ ಆರೋಪಿಗಳೆಲ್ಲ ಬಿಡುಗಡೆಯಾದರು, 2014ರಲ್ಲಿ ಹೈಕೋರ್ಟು ಅದನ್ನೇ ಎತ್ತಿಹಿಡಿಯಿತು. ಸಾಕ್ಷಿ ಹೇಳಿದ ಮೇಲೂ ಊರಲ್ಲಿ ಬದುಕಬೇಕಾದವನು ಹೇಳುವ ಕತೆ ಎಷ್ಟು ಸ್ವತಂತ್ರ?

ಆದರೂ ಈ ನಿಯಮವನ್ನು ನಾವು ಕೈಬಿಡಬಾರದು. ಕೌಂಟರ್ ಕೇಸು ಬಿದ್ದ ದಿನವೇ ಎರಡೂ ಎಫ್‌ಐಆರ್‌ಗಳನ್ನು ಎದುರುಬದುರು ಇಟ್ಟು ಓದಬೇಕು: ಯಾವುದು ಮೊದಲು ಬಂತು, ಗಾಯದ ಚೀಟಿ ಯಾರದು, ಯಾರು ಎಷ್ಟು ಹೊತ್ತಿಗೆ ಠಾಣೆಗೆ ಹೋದರು. ಕೆಳಗಿನ ಕೋರ್ಟಿನಲ್ಲಿ ವಿಚಾರಣೆ ಮುಂದುವರಿಯುವ ಮೊದಲೇ ವಕೀಲರಿಂದ ಅರ್ಜಿ ಹಾಕಿಸಬೇಕು. ಒಂದೇ ನ್ಯಾಯಾಧೀಶರು ಎರಡನ್ನೂ ಕೇಳಿ ಮುಗಿಸುವವರೆಗೆ ಯಾವ ತೀರ್ಪೂ ಬರಬಾರದು. ಇಷ್ಟನ್ನು ಕೇಳುವುದು ಕೃಪೆಯ ಬೇಡಿಕೆಯಲ್ಲ, 1929ರಿಂದ ಕೋರ್ಟೇ ಒಪ್ಪಿಕೊಂಡು ಬಂದ ಮಾತು.