ಕಾಕ್ಲಿಯ

ಕಾಕ್ಲಿಯ ಒಳಕಿವಿಯಲ್ಲಿ ಶಬ್ದವನ್ನು ಗ್ರಹಿಸುವ ಸುರುಳಿಯಾಕಾರದ ಅಂಗ. ತಲೆಬುರುಡೆಯ ಕಣತಲೆ ಮೂಳೆಯೊಳಗೆ ಹುದುಗಿರುವ ಈ ನಾಳ ಮನುಷ್ಯನಲ್ಲಿ ಎರಡೂವರೆ ಸುತ್ತಿಗಿಂತ ತುಸು ಹೆಚ್ಚು ಸುತ್ತಿಕೊಂಡಿರುತ್ತದೆ. ಬುಡದ ಅಗಲ ಸುಮಾರು 9 ಮಿ.ಮೀ., ಎತ್ತರ 5 ಮಿ.ಮೀ.; ಸುರುಳಿ ಬಿಡಿಸಿದರೆ ಉದ್ದ ಸುಮಾರು 35 ಮಿ.ಮೀ.

ಲ್ಯಾಟಿನ್ ಭಾಷೆಯಲ್ಲಿ ಈ ಪದಕ್ಕೆ ಬಸವನಹುಳು, ಅದರ ಚಿಪ್ಪು ಎಂಬ ಅರ್ಥಗಳಿವೆ. ಪದದ ಮೂಲ ಗ್ರೀಕಿನ ‘ಕೊಖ್ಲಿಯಾಸ್’. ಸುರುಳಿಯಾಗಿರುವ ಇತರ ವಸ್ತುಗಳಿಗೂ ಈ ಹೆಸರು ಸಲ್ಲುತ್ತಿತ್ತು: ರೋಮಿನ ವಾಸ್ತುಶಿಲ್ಪಿ ವಿಟ್ರೂವಿಯಸ್ ನೀರೆತ್ತುವ ತಿರುಪಿನ ಯಂತ್ರವನ್ನು ಕಾಕ್ಲಿಯ ಎಂದೇ ಕರೆದಿದ್ದಾನೆ.

ಅಂಗರಚನಾಶಾಸ್ತ್ರದಲ್ಲಿ ಪದವನ್ನು ನೆಲೆಗೊಳಿಸಿದವನು ಇಟಲಿಯ ಪಡುವಾದಲ್ಲಿ ಪ್ರಾಧ್ಯಾಪಕನಾಗಿದ್ದ ಗೇಬ್ರಿಯೆಲೆ ಫಲೋಪಿಯೊ. 1561ರಲ್ಲಿ ವೆನಿಸ್‌ನಲ್ಲಿ ಪ್ರಕಟವಾದ ತನ್ನ ಗ್ರಂಥದಲ್ಲಿ ಅವನು ಒಳಕಿವಿಯ ಪೊಳ್ಳುಗಳನ್ನು ಚಕ್ರವ್ಯೂಹದಂಥ ಕಟ್ಟಡಕ್ಕೆ ಹೋಲಿಸಿ ‘ಲ್ಯಾಬಿರಿಂಥ್’ ಎಂದೂ ಸುರುಳಿಯ ಭಾಗವನ್ನು ಕಾಕ್ಲಿಯ ಎಂದೂ ಹೆಸರಿಸಿದ. ಸುರುಳಿಯ ನಡುವಿನ ಮೂಳೆಗಂಬಕ್ಕೆ ‘ಮೋಡಿಯೋಲಸ್’, ಅಂದರೆ ಗಾಡಿಚಕ್ರದ ಗುಂಬ, ಎಂಬ ಹೆಸರು ಬಂತು. ಒಳಗಿನ ಕಾಲುವೆಗಳಿಗೆ ‘ಸ್ಕಾಲ’, ಅಂದರೆ ಮೆಟ್ಟಿಲು, ಎಂಬುದು ನಿಂತಿತು.

ಹೆಸರು ಬಂದಾಗ ಅಂಗದ ಕೆಲಸ ಯಾರಿಗೂ ಸರಿಯಾಗಿ ತಿಳಿದಿರಲಿಲ್ಲ. ಒಳಕಿವಿಯಲ್ಲಿ ಹುಟ್ಟಿನಿಂದಲೇ ಗಾಳಿ ತುಂಬಿರುತ್ತದೆ ಎಂಬ ಪ್ರಾಚೀನ ಗ್ರೀಕ್ ನಂಬಿಕೆ ಬಹುಕಾಲ ಉಳಿದಿತ್ತು. ಅಲ್ಲಿರುವುದು ದ್ರವ ಎಂಬುದನ್ನು ನೇಪಲ್ಸ್‌ನ ಡೊಮೆನಿಕೊ ಕೊಟುಞೊ 1761ರಲ್ಲಿ ತೋರಿಸಿದ. 1851ರಲ್ಲಿ ಅಲ್ಫೊನ್ಸೊ ಕೋರ್ಟಿ ಸೂಕ್ಷ್ಮದರ್ಶಕದಡಿ ಕಾಕ್ಲಿಯದೊಳಗಿನ ಸಂವೇದಕ ಪಟ್ಟಿಯನ್ನು ವಿವರಿಸಿದ. ಅದಕ್ಕೆ ಅವನ ಹೆಸರೇ ಉಳಿದಿದೆ. ಶಬ್ದ ಬಂದಾಗ ಒಳಗಿನ ಪೊರೆಯ ಮೇಲೆ ಅಲೆಯೊಂದು ಬುಡದಿಂದ ತುದಿಯತ್ತ ಸಾಗುತ್ತದೆ, ತಾರಸ್ಥಾಯಿಯ ದನಿಗೆ ಬುಡದಲ್ಲೂ ಮಂದ್ರಸ್ಥಾಯಿಯ ದನಿಗೆ ತುದಿಯಲ್ಲೂ ಅದು ಅತಿ ಹೆಚ್ಚು ಉಬ್ಬುತ್ತದೆ ಎಂದು ಗಿಯೋರ್ಗ್ ಫಾನ್ ಬೆಕೆಶಿ ಮೃತದೇಹಗಳ ಕಿವಿಗಳಲ್ಲಿ ಕಂಡುಕೊಂಡ. ಈ ಕೆಲಸಕ್ಕೆ 1961ರ ನೊಬೆಲ್ ಪ್ರಶಸ್ತಿ ಸಂದಿತು. ಕಿವಿ ಕೇಳದವರಿಗೆ ಅಳವಡಿಸುವ ಕಾಕ್ಲಿಯರ್ ಇಂಪ್ಲಾಂಟ್ ಸಾಧನ ಸ್ಥಾಯಿಗಳ ಈ ಹಂಚಿಕೆಯನ್ನೇ ಬಳಸಿಕೊಳ್ಳುತ್ತದೆ: ಕಾಲುವೆಯಲ್ಲಿ ಸಾಲಾಗಿ ಕೂರಿಸಿದ ವಿದ್ಯುದ್ವಾರಗಳು ಬೇರೆ ಬೇರೆ ಎಡೆಯ ನರತಂತುಗಳನ್ನು ಪ್ರಚೋದಿಸಿ ಬೇರೆ ಬೇರೆ ಸ್ಥಾಯಿಯ ದನಿಯ ಅನುಭವ ಕೊಡುತ್ತವೆ.

ಅಂಗದ ಕೆಲಸ ತಿಳಿದಂತೆ ಪದದ ವ್ಯಾಪ್ತಿಯೂ ಹಿಗ್ಗಿತು. ಹಕ್ಕಿಗಳಲ್ಲಿ ಈ ನಾಳ ಸುತ್ತಿಕೊಳ್ಳದೆ ತುಸುವೇ ಬಾಗಿರುತ್ತದೆ. ಆದರೂ ಮಾಡುವ ಕೆಲಸ ಅದೇ ಆದ್ದರಿಂದ ಅದನ್ನೂ ಜೀವವಿಜ್ಞಾನಿಗಳು ಕಾಕ್ಲಿಯ ಎಂದೇ ಕರೆಯುತ್ತಾರೆ.